ಬುಟಿಯಾಮ: ಒಂದು ಜನ್ಮಗ್ರಾಮ, ಅಪರಿಗ್ರಹದ ಎರಡು ಮುಖ

ಪೂರ್ವ ಆಫ್ರಿಕಾದ ಟಾಂಜಾನಿಯ ದೇಶದ ಉತ್ತರಭಾಗದಲ್ಲಿ, ವಿಕ್ಟೋರಿಯಾ ಸರೋವರದ ಪೂರ್ವಕ್ಕೆ, ಮುಸೋಮ ಎಂಬ ಪಟ್ಟಣದಿಂದ ಸುಮಾರು 40 ಕಿಲೋಮೀಟರ್ ಒಳನಾಡಿನಲ್ಲಿ ಬುಟಿಯಾಮ ಎಂಬ ಗ್ರಾಮವಿದೆ. ಬಂಡೆಗುಡ್ಡಗಳ ನಡುವಿನ ಈ ಊರಿನಲ್ಲಿ ಗಣಿಯಿಲ್ಲ, ಬಂದರಿಲ್ಲ, ದೊಡ್ಡ ವ್ಯಾಪಾರವೂ ಇಲ್ಲ. ಆದರೂ 1999ರ ಅಕ್ಟೋಬರ್ 23ರಂದು ಈ ಊರಿನತ್ತ ಇಡೀ ದೇಶವೇ ಕಣ್ಣು ನೆಟ್ಟಿತ್ತು. ಲಂಡನ್ನಿನ ಆಸ್ಪತ್ರೆಯೊಂದರಲ್ಲಿ ಅಕ್ಟೋಬರ್ 14ರಂದು ರಕ್ತದ ಕ್ಯಾನ್ಸರಿನಿಂದ ತೀರಿಕೊಂಡ ಜೂಲಿಯಸ್ ಕಂಬಾರಾಗೆ ನೈರೇರೆಯವರನ್ನು ಅಂದು ಅವರು ಹುಟ್ಟಿದ ಮಣ್ಣಿನಲ್ಲಿಯೇ ಸಮಾಧಿ ಮಾಡಲಾಯಿತು. ಟಾಂಜಾನಿಯದ ಜನ ಅವರನ್ನು 'ಮ್ವಾಲಿಮು' ಎಂದು ಕರೆಯುತ್ತಾರೆ. ಸ್ವಾಹಿಲಿ ಭಾಷೆಯಲ್ಲಿ ಅದರ ಅರ್ಥ 'ಉಪಾಧ್ಯಾಯ'. ಕಾಲು ಶತಮಾನ ಅಧಿಕಾರದಲ್ಲಿದ್ದ ರಾಷ್ಟ್ರಪಿತನಿಗೆ ಜನರು ಕೊಟ್ಟ ಬಿರುದು ಇಷ್ಟು ಸರಳವಾದದ್ದು.

ಈ ಗ್ರಾಮದ ಕಥೆಯನ್ನು ಜೈನ ಪತ್ರಿಕೆಯೊಂದರಲ್ಲಿ ಏಕೆ ಹೇಳಬೇಕು ಎಂಬ ಪ್ರಶ್ನೆ ಸಹಜ. ಅಪರಿಗ್ರಹವನ್ನು ತನ್ನ ಬಾಳಿನಲ್ಲಿ ಆಚರಿಸಿ ತೋರಿಸಿದ ಒಬ್ಬ ಮನುಷ್ಯನು ಅದೇ ಅಪರಿಗ್ರಹವನ್ನು ಒಂದು ದೇಶದ ಮೇಲೆ ಆಜ್ಞೆಯಾಗಿ ಹೇರಲು ಹೊರಟಾಗ ಏನಾಯಿತು ಎಂಬುದು ಈ ಕಥೆಯ ತಿರುಳು. ಆ ಆಜ್ಞೆಯ ಪೆಟ್ಟನ್ನು ಸಹಿಸಿದವರಲ್ಲಿ ಭಾರತೀಯ ಮೂಲದ ವರ್ತಕರು ಅನೇಕರು. ಆದುದರಿಂದ ವ್ಯಾಪಾರವನ್ನೇ ಕುಲವೃತ್ತಿಯಾಗಿ ನಡೆಸಿಕೊಂಡು ಬಂದ ಶ್ರಾವಕ ಕುಟುಂಬಗಳಿಗೆ ಇದು ದೂರದೇಶದ ವೃತ್ತಾಂತವಾಗಿ ಮಾತ್ರ ಉಳಿಯಲಾರದು.

ಮಳೆಯ ಹೆಸರಿನ ಮಗು

ನೈರೇರೆ 1922ರ ಏಪ್ರಿಲ್ 13ರಂದು ಬುಟಿಯಾಮದಲ್ಲಿ ಜನಿಸಿದರು. ತಂದೆ ನೈರೇರೆ ಬುರಿಟೊ, ಜನಾಕಿ ಎಂಬ ಚಿಕ್ಕ ಬುಡಕಟ್ಟಿನ ಮುಖಂಡರು. ಜರ್ಮನ್ನರ ಆಡಳಿತವಿದ್ದ 1915ರಲ್ಲಿ ಆ ಪದವಿಗೆ ಬಂದವರು. ಅವರ ಇಪ್ಪತ್ತೆರಡು ಮಂದಿ ಪತ್ನಿಯರಲ್ಲಿ ಐದನೆಯವರಾದ ಮುಗಾಯ ಎಂಬಾಕೆ ಈ ಮಗುವಿನ ತಾಯಿ. ಹುಟ್ಟಿದ ದಿನ ಮಳೆ ಸುರಿದುದರಿಂದ ಮಳೆಯ ದೇವತೆಯ ಹೆಸರಾದ 'ಕಂಬಾರಾಗೆ' ಎಂಬುದನ್ನೇ ಮಗುವಿಗೆ ಇಟ್ಟರು. ಮುಖಂಡನ ಮನೆಯೆಂದರೆ ಅರಮನೆಯೆಂದು ಭಾವಿಸಬಾರದು. ದುಂಡಗಿನ ಹುಲ್ಲುಗುಡಿಸಲುಗಳು, ದನಕರುಗಳು, ಸಾಮೆ ಜೋಳಗಳ ಹೊಲ, ಇವೇ ಆ ಮನೆತನದ ಸಂಪತ್ತು. ಬಾಲಕನು ಆಡು ಕಾಯುತ್ತ, ತಾಯಿಯೊಡನೆ ಹೊಲದಲ್ಲಿ ದುಡಿಯುತ್ತ ಬೆಳೆದನು.

ಹನ್ನೆರಡನೆಯ ವಯಸ್ಸಿನವರೆಗೆ ಆತನಿಗೆ ಶಾಲೆಯ ಸಂಪರ್ಕವಿರಲಿಲ್ಲ. 1934ರಲ್ಲಿ ಮುಸೋಮದ ಪ್ರಾಥಮಿಕ ಶಾಲೆಗೆ ಸೇರಿದ ಮೇಲೆ ಆತನ ಬುದ್ಧಿಶಕ್ತಿ ಬೆಳಕಿಗೆ ಬಂದಿತು. ಅಲ್ಲಿಂದ ತಬೋರದ ಸರ್ಕಾರಿ ಶಾಲೆ, ಉಗಾಂಡದ ಮಕೆರೆರೆ ಕಾಲೇಜು, ಬಳಿಕ 1949ರಿಂದ 1952ರವರೆಗೆ ಸ್ಕಾಟ್ಲೆಂಡಿನ ಎಡಿನ್‌ಬರೋ ವಿಶ್ವವಿದ್ಯಾನಿಲಯ. 1943ರಲ್ಲಿ ಕ್ಯಾಥೋಲಿಕ್ ಮತಕ್ಕೆ ಸೇರಿ 'ಜೂಲಿಯಸ್' ಎಂಬ ಹೆಸರನ್ನು ಪಡೆದಿದ್ದರು. ಎಂ.ಎ. ಪದವಿಯೊಡನೆ ತಾಯ್ನಾಡಿಗೆ ಮರಳಿ, 1953ರಲ್ಲಿ ಮರಿಯಾ ಎಂಬವರನ್ನು ವಿವಾಹವಾಗಿ, ದಾರ್ ಎಸ್ ಸಲಾಮ್ ನಗರದ ಸಮೀಪದ ಪುಗು ಎಂಬಲ್ಲಿ ಶಾಲಾ ಉಪಾಧ್ಯಾಯರಾದರು.

1954ರ ಜುಲೈ 7ರಂದು 'ತಾನು' ಎಂಬ ರಾಷ್ಟ್ರೀಯ ಸಂಘಟನೆಯು ಅವರ ನಾಯಕತ್ವದಲ್ಲಿ ರೂಪುಗೊಂಡಿತು. ಉದ್ಯೋಗವೋ ರಾಜಕಾರಣವೋ ಎಂಬ ಆಯ್ಕೆ ಎದುರಾದಾಗ 1955ರಲ್ಲಿ ಅವರು ಉಪಾಧ್ಯಾಯ ವೃತ್ತಿಯನ್ನು ಬಿಟ್ಟರು. ಏಳು ವರ್ಷಗಳೊಳಗೆ, 1961ರ ಡಿಸೆಂಬರ್ 9ರಂದು, ಸಶಸ್ತ್ರ ಹೋರಾಟವಿಲ್ಲದೆಯೇ ಟಾಂಗನಿಕವು ಬ್ರಿಟಿಷರಿಂದ ಸ್ವತಂತ್ರವಾಯಿತು. 1964ರ ಏಪ್ರಿಲ್ 26ರಂದು ಜಂಜಿಬಾರ್ ದ್ವೀಪವು ಅದರೊಡನೆ ಸೇರಿ, ಮುಂದೆ ಟಾಂಜಾನಿಯ ಎಂಬ ಹೆಸರು ಬಂದಿತು.

ತಾನೇ ಹಾಕಿಕೊಂಡ ಮಿತಿ

ಸ್ವಾತಂತ್ರ್ಯ ಬಂದು ಆರು ವಾರಗಳಾಗಿದ್ದವು. ಪ್ರಧಾನಮಂತ್ರಿಯಾಗಿದ್ದ ನೈರೇರೆ 1962ರ ಜನವರಿಯಲ್ಲಿ ರಾಜೀನಾಮೆ ಕೊಟ್ಟು, ಪಕ್ಷವನ್ನು ಹಳ್ಳಿಗಳಲ್ಲಿ ಕಟ್ಟುವುದಕ್ಕೆ ಹೊರಟುಬಿಟ್ಟರು. ವರ್ಷಾಂತ್ಯದಲ್ಲಿ ದೇಶವು ಗಣರಾಜ್ಯವಾದಾಗ ರಾಷ್ಟ್ರಾಧ್ಯಕ್ಷರಾಗಿ ಮರಳಿದರು. 1966ರ ಅಕ್ಟೋಬರಿನಲ್ಲಿ ವಿಶ್ವವಿದ್ಯಾನಿಲಯದ ವಿದ್ಯಾರ್ಥಿಗಳು ಕಡ್ಡಾಯ ರಾಷ್ಟ್ರಸೇವೆಯ ವಿರುದ್ಧ ಮೆರವಣಿಗೆ ಬಂದು, ದೊಡ್ಡ ಅಧಿಕಾರಿಗಳ ಸಂಬಳವನ್ನು ಬೊಟ್ಟುಮಾಡಿ ತೋರಿಸಿದರು. ಕೆರಳಿದ ನೈರೇರೆ ವಿದ್ಯಾರ್ಥಿಗಳನ್ನು ಹೊರಹಾಕಿದರು. ಆದರೆ ಅವರ ಮಾತಿನಲ್ಲಿದ್ದ ಸತ್ಯವನ್ನು ತಳ್ಳಿಹಾಕಲಿಲ್ಲ. ಅಂದೇ ತಮ್ಮ ಸಂಬಳದಲ್ಲಿ ನೂರಕ್ಕೆ 20ರಷ್ಟನ್ನು ಕಡಿತ ಮಾಡಿಕೊಂಡರು.

1967ರ ಫೆಬ್ರವರಿ 5ರಂದು ಪ್ರಕಟವಾದ 'ಅರೂಷಾ ಘೋಷಣೆ'ಯು ಈ ಮನೋಭಾವಕ್ಕೆ ಒಂದು ನಿಯಮಾವಳಿಯ ರೂಪವನ್ನು ಕೊಟ್ಟಿತು. ಪಕ್ಷದ ಮತ್ತು ಸರ್ಕಾರದ ನಾಯಕರು ಎರಡು ಸಂಬಳ ಪಡೆಯಬಾರದು, ಕಂಪೆನಿಗಳಲ್ಲಿ ಷೇರು ಹೊಂದಿರಬಾರದು, ಖಾಸಗಿ ಕಂಪೆನಿಯ ನಿರ್ದೇಶಕರಾಗಬಾರದು, ಬಾಡಿಗೆಗೆ ಕೊಡುವ ಮನೆಗಳನ್ನು ಇಟ್ಟುಕೊಳ್ಳಬಾರದು ಎಂದು ಅದು ವಿಧಿಸಿತು. ನೈರೇರೆ ತಮ್ಮ ಎರಡನೆಯ ಮನೆಯನ್ನು ಮಾರಿದರು. ಅವರ ಪತ್ನಿ ತಮ್ಮ ಕೋಳಿಸಾಕಣೆಯ ತೋಟವನ್ನು ಸ್ಥಳೀಯ ಸಹಕಾರ ಸಂಘಕ್ಕೆ ಬಿಟ್ಟುಕೊಟ್ಟರು. ಅದೇ ವರ್ಷದ ಅಕ್ಟೋಬರಿನಲ್ಲಿ ರಾಷ್ಟ್ರಾಧ್ಯಕ್ಷರು ಬುಟಿಯಾಮದಿಂದ ಹೊರಟು, ಮ್ವಾಂಜ ನಗರದವರೆಗೆ ಇನ್ನೂರು ಕಿಲೋಮೀಟರಿಗೂ ಮೀರಿದ ದಾರಿಯನ್ನು ಕಾಲ್ನಡಿಗೆಯಲ್ಲಿ ಕ್ರಮಿಸಿದರು.

ಇಲ್ಲಿಯವರೆಗಿನ ನಡೆಯನ್ನು ಜೈನಶಾಸ್ತ್ರವು ಹೊಸದೆಂದು ನೋಡಲಾರದು. ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರವು ಪರಿಗ್ರಹದ ಬೇರನ್ನು ವಸ್ತುವಿನಲ್ಲಿ ಹುಡುಕದೆ, ವಸ್ತುವಿನ ಮೇಲಿನ ಮಮಕಾರದಲ್ಲಿ ಗುರುತಿಸುತ್ತದೆ. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಗೃಹಸ್ಥನ ಐದನೆಯ ಅಣುವ್ರತಕ್ಕೆ 'ಇಚ್ಛಾಪರಿಮಾಣ' ಎಂಬ ಹೆಸರೂ ಸಲ್ಲುವುದೆಂದು ತಿಳಿಸಿದ್ದಾರೆ. ಹೊಲ, ಮನೆ, ಚಿನ್ನ, ಬೆಳ್ಳಿ, ಧನ, ಧಾನ್ಯ ಇವುಗಳಿಗೆ ಇಷ್ಟೇ ಸಾಕೆಂಬ ಮಿತಿಯನ್ನು ಶ್ರಾವಕನು ಗುರುವಿನ ಎದುರಿನಲ್ಲಿ ತಾನೇ ಹಾಕಿಕೊಳ್ಳಬೇಕು. ಬುಟಿಯಾಮದ ಆಡು ಕಾಯುವ ಹುಡುಗನು ಜಿನಾಗಮವನ್ನು ಓದಿದವನಲ್ಲ. ಆದರೂ ರಾಷ್ಟ್ರಾಧ್ಯಕ್ಷ ಪದವಿಯಲ್ಲಿದ್ದಾಗ ಅವನು ಇಚ್ಛೆಗೆ ಪರಿಮಾಣ ಹಾಕಿಕೊಂಡನು.

ಇತರರ ಮೇಲೆ ಹಾಕಿದ ಮಿತಿ

ಅರೂಷಾ ಘೋಷಣೆಯ ಮರುದಿನವೇ ಬ್ಯಾಂಕುಗಳು ಸರ್ಕಾರದ ವಶವಾದವು. ಹಿಂದೆಯೇ ದೊಡ್ಡ ಕಾರ್ಖಾನೆಗಳು, ಆಮದು ರಫ್ತು ಸಂಸ್ಥೆಗಳು, ಕತ್ತಾಳೆ ನಾರಿನ ತೋಟಗಳಲ್ಲಿ ಹಲವು ಸರ್ಕಾರದ ಕೈಸೇರಿದವು. 1971ರ ಏಪ್ರಿಲಿನಲ್ಲಿ ಬಂದ ಕಟ್ಟಡ ಸ್ವಾಧೀನ ಕಾಯಿದೆಯು ಒಂದು ಲಕ್ಷ ಷಿಲಿಂಗಿಗೆ ಮೀರಿದ ಬೆಲೆಯ ಬಾಡಿಗೆ ಕಟ್ಟಡಗಳನ್ನು ಸರ್ಕಾರಕ್ಕೆ ಸೇರಿಸಿತು. ಕಟ್ಟಿ ಹತ್ತು ವರ್ಷ ಮೀರಿದವುಗಳಿಗೆ ಪರಿಹಾರವೂ ಇರಲಿಲ್ಲ.

ಕಾಯಿದೆಯಲ್ಲಿ ಯಾವ ಜನಾಂಗದ ಹೆಸರೂ ಇರಲಿಲ್ಲವೆಂಬುದು ನಿಜ. ಆದರೆ ಪಟ್ಟಣಗಳಲ್ಲಿ ಅಂಥ ಕಟ್ಟಡಗಳ ಒಡೆಯರು ಬಹುಪಾಲು ಭಾರತೀಯ ಮೂಲದವರು. ಗುಜರಾತ, ಕಚ್ಛ, ಸೌರಾಷ್ಟ್ರಗಳಿಂದ ಹೋಗಿ ನೆಲೆಸಿದ ಹಿಂದೂ, ಮುಸ್ಲಿಂ, ಜೈನ ವರ್ತಕರು ಪೂರ್ವ ಆಫ್ರಿಕಾದ ಒಳನಾಡಿನವರೆಗೂ ಅಂಗಡಿಗಳನ್ನು ಇಟ್ಟಿದ್ದರು. ಸ್ವಾಹಿಲಿಯಲ್ಲಿ ಅಂಗಡಿಗೆ 'ದುಕಾ' ಎಂದೇ ಹೆಸರು; ನಮ್ಮ 'ದುಕಾನು' ಎಂಬ ಮಾತಿಗೂ ಅದಕ್ಕೂ ಮೂಲ ಒಂದೇ. ಮಣ್ಣಿನ ಗೋಡೆಯ ದುಕಾನಿನಿಂದ ಆರಂಭಿಸಿ, ಎರಡು ತಲೆಮಾರು ದುಡಿದು, ಕೆಳಗೆ ಅಂಗಡಿ ಮೇಲೆ ಬಾಡಿಗೆ ಮನೆ ಎಂಬಂತೆ ಕಟ್ಟಿದ ಕಟ್ಟಡವೇ ಅಂಥ ಕುಟುಂಬಗಳ ಉಳಿತಾಯ. ಮುಪ್ಪಿನ ಆಧಾರವೂ, ಹೆಣ್ಣುಮಕ್ಕಳ ಮದುವೆಯ ನಿಧಿಯೂ ಅದೇ. ಅದು ಒಂದು ಕಾಯಿದೆಯಿಂದ ಕೈಬಿಟ್ಟುಹೋಯಿತು. ಸಾವಿರಾರು ಕುಟುಂಬಗಳು ಇಂಗ್ಲೆಂಡ್, ಕೆನಡಾ, ಭಾರತಗಳ ದಾರಿ ಹಿಡಿದವು.

ಇಲ್ಲಿ ಅನೇಕಾಂತ ದೃಷ್ಟಿ ಅವಶ್ಯಕ. ನೈರೇರೆ ಭಾರತೀಯರ ದ್ವೇಷಿಯಾಗಿದ್ದರೆಂದು ಹೇಳುವುದು ಅನ್ಯಾಯವಾದೀತು. 1961ರ ಅಕ್ಟೋಬರಿನಲ್ಲಿ ಪೌರತ್ವ ಮಸೂದೆಯ ಚರ್ಚೆಯಾದಾಗ, ಕಪ್ಪು ಮೈಬಣ್ಣದವರಿಗೆ ಮಾತ್ರ ಪೌರತ್ವವೆಂದು ಶಾಸನ ಮಾಡುವುದಾದರೆ ತಾವು ರಾಜೀನಾಮೆ ಕೊಡುವುದಾಗಿ ಅವರು ತಮ್ಮ ಪಕ್ಷದವರನ್ನೇ ಎದುರಿಸಿ ನಿಂತರು. ಭಾರತೀಯ ಮೂಲದ ಅಮೀರ್ ಜಮಾಲ್ ಅವರ ಸಂಪುಟದಲ್ಲಿ ಹಲವು ವರ್ಷ ಅರ್ಥಮಂತ್ರಿಯಾಗಿದ್ದರು. 1972ರಲ್ಲಿ ಉಗಾಂಡದ ಇದಿ ಅಮೀನ್ ಏಷ್ಯನ್ನರನ್ನು 90 ದಿನಗಳ ಗಡುವಿನಲ್ಲಿ ಹೊರಗಟ್ಟಿದಾಗ, ಅದು ಜನಾಂಗದ್ವೇಷವೆಂದು ಬಹಿರಂಗವಾಗಿ ಖಂಡಿಸಿದ ಆಫ್ರಿಕನ್ ನಾಯಕರಲ್ಲಿ ನೈರೇರೆ ಪ್ರಮುಖರು. ಅವರ ವಿರೋಧವಿದ್ದುದು ಒಬ್ಬನ ಬಾಡಿಗೆಯಿಂದ ಇನ್ನೊಬ್ಬನು ಬದುಕುವ ವ್ಯವಸ್ಥೆಗೆ. ಅವರು ಶೇಕ್ಸ್‌ಪಿಯರನ 'ವೆನಿಸ್ಸಿನ ವರ್ತಕ' ನಾಟಕವನ್ನು ಸ್ವಾಹಿಲಿಗೆ ತಂದು 1969ರಲ್ಲಿ ಪ್ರಕಟಿಸಿದಾಗ, ಹೆಸರಿನಲ್ಲಿದ್ದ 'ವರ್ತಕ' ಎಂಬ ಪದದ ಜಾಗದಲ್ಲಿ 'ಬಂಡವಾಳಗಾರರು' ಎಂಬ ಅರ್ಥ ಕೊಡುವ 'ಮಬೆಪಾರಿ' ಎಂಬ ಪದವನ್ನು ಬಳಸಿದರು. ವರ್ತಕನು ಅವರ ಕಣ್ಣಿಗೆ ಹೇಗೆ ಕಾಣುತ್ತಿದ್ದನೆಂಬುದು ಆ ಒಂದು ಪದದಿಂದ ತಿಳಿಯುತ್ತದೆ. ಊರಿಗೆ ಉಪ್ಪು, ಬಟ್ಟೆ, ಸೀಮೆಎಣ್ಣೆಗಳನ್ನು ತಂದೊದಗಿಸುವ, ಬೆಳೆ ಬರುವವರೆಗೆ ಸಾಲ ಕೊಟ್ಟು ಕಾಯುವ ವರ್ತಕನ ಇನ್ನೊಂದು ಮುಖವು ಅವರ ಗಣನೆಗೆ ಸಾಕಷ್ಟು ಬರಲಿಲ್ಲ.

ಆದರೆ ವರ್ತಕರ ಕಡೆಯನ್ನೂ ಅದೇ ತಕ್ಕಡಿಯಲ್ಲಿ ತೂಗಬೇಕು. ಸ್ವಾತಂತ್ರ್ಯ ಬಂದಾಗ ಆ ದೇಶದಲ್ಲಿ ಓದುಬರಹ ಬಲ್ಲ ಆಫ್ರಿಕನ್ನರು ಅಲ್ಪಸಂಖ್ಯಾತರಾಗಿದ್ದರು. ಏಷ್ಯನ್ನರ ಶಾಲೆ, ಆಸ್ಪತ್ರೆ, ಕ್ಲಬ್ಬುಗಳು ಬಹುಮಟ್ಟಿಗೆ ತಮ್ಮ ತಮ್ಮ ಸಮಾಜಕ್ಕೆ ಮೀಸಲಾಗಿದ್ದವು. ಸುತ್ತಲಿನ ಜನರ ನಡುವೆ ಇದ್ದೂ ಅವರಿಂದ ಬೇರೆಯಾಗಿ ಬೆಳೆದ ಸಂಪತ್ತಿಗೆ, ಕಷ್ಟಕಾಲ ಬಂದಾಗ ಪರವಾಗಿ ನಿಲ್ಲುವವರು ಇರುವುದಿಲ್ಲ.

ವ್ರತವು ಆಜ್ಞೆಯಾದಾಗ

ನೈರೇರೆಯವರ ಕನಸಿನ ಕೇಂದ್ರವಿದ್ದುದು ಪಟ್ಟಣಗಳಲ್ಲಲ್ಲ, ಬುಟಿಯಾಮದಂಥ ಹಳ್ಳಿಗಳಲ್ಲಿ. ಬಾಲ್ಯದಲ್ಲಿ ಕಂಡ ಜನಾಕಿ ಬದುಕಿನಲ್ಲಿ ಭೂಮಿ ಯಾರೊಬ್ಬನ ಸ್ವತ್ತೂ ಆಗಿರಲಿಲ್ಲ; ದುಡಿಯದೆ ಉಣ್ಣುವವನಿರಲಿಲ್ಲ; ಹಸಿದವನನ್ನು ಮನೆತನವು ಬಿಟ್ಟುಹಾಕುತ್ತಿರಲಿಲ್ಲ. ಈ ಕುಟುಂಬಭಾವವನ್ನು ಅವರು 'ಉಜಾಮಾ' ಎಂದು ಕರೆದರು. ಚದುರಿದ ಗುಡಿಸಲುಗಳ ಜನರು ಒಂದೆಡೆ ಸೇರಿ, ಕೂಡಿ ಉತ್ತು ಬೆಳೆದು, ಶಾಲೆ, ಚಿಕಿತ್ಸಾಲಯ, ಕುಡಿಯುವ ನೀರುಗಳನ್ನು ಹಂಚಿಕೊಳ್ಳಬೇಕೆಂಬುದು ಅವರ ಆಶಯ. ಹೀಗೆ ಸೇರುವುದು ಸ್ವಂತ ಇಚ್ಛೆಯಿಂದ ಆಗಬೇಕು, ಬಲವಂತ ಕೂಡದು ಎಂದು ಆರಂಭದ ವರ್ಷಗಳಲ್ಲಿ ಅವರೇ ಮತ್ತೆ ಮತ್ತೆ ಬರೆದರು.

ಆದರೆ 1973ರ ವೇಳೆಗೆ ಇಂಥ ಗ್ರಾಮಗಳಿಗೆ ಸೇರಿದವರು ಸುಮಾರು 20 ಲಕ್ಷ ಮಾತ್ರ. ನಾಯಕನ ತಾಳ್ಮೆ ಮುಗಿಯಿತು. 1976ರ ಅಂತ್ಯದೊಳಗೆ ಗ್ರಾಮೀಣ ಜನರೆಲ್ಲರೂ ಯೋಜಿತ ಗ್ರಾಮಗಳಲ್ಲಿ ನೆಲೆಸಲೇಬೇಕೆಂದು 1973ರ ನವೆಂಬರಿನಲ್ಲಿ ಅವರು ಸಾರಿದರು. ಅಧಿಕಾರಿಗಳು ಒಬ್ಬರನ್ನೊಬ್ಬರು ಮೀರಿಸುವ ಪೈಪೋಟಿಗೆ ಬಿದ್ದರು. ಜನರನ್ನು ಲಾರಿಗಳಲ್ಲಿ ತುಂಬಿ ಸಾಗಿಸಿದರು. ತೆರಳಲು ಒಪ್ಪದವರ ಗುಡಿಸಲುಗಳನ್ನು ಹಲವೆಡೆ ಕೆಡವಿದರು, ಸುಟ್ಟರು. ಗೊಬ್ಬರ ಹಾಕಿದ ಹೊಲ, ಹಿರಿಯರ ಸಮಾಧಿ, ಫಲ ಕೊಡುವ ಮರ ಎಲ್ಲವೂ ಹಿಂದೆ ಉಳಿದವು. ಬುಟಿಯಾಮವಿರುವ ಮಾರಾ ಪ್ರಾಂತ್ಯದಲ್ಲಿಯೂ 1974ರಲ್ಲಿ 'ಕಾರ್ಯಾಚರಣೆ' ಎಂಬ ಸೈನಿಕ ಹೆಸರಿನಿಂದಲೇ ಈ ಸ್ಥಳಾಂತರ ನಡೆಯಿತು. ಮಳೆದೇವತೆಯ ಹೆಸರು ಹೊತ್ತವನ ನೆರೆಹೊರೆಯಲ್ಲೇ ಜನರು ತಮ್ಮ ಮನೆಗಳನ್ನು ಬಿಡಬೇಕಾಯಿತು.

ಹಿಂಸೆಯ ವಿಚಾರದಲ್ಲಿ ಜೈನಧರ್ಮವು ಕೃತ, ಕಾರಿತ, ಅನುಮೋದಿತ ಎಂದು ಮೂರು ಬಗೆಯನ್ನು ಹೇಳಿದೆ. ತಾನು ಮಾಡಿದ್ದು, ಇತರರಿಂದ ಮಾಡಿಸಿದ್ದು, ಮಾಡಿದವರನ್ನು ಒಪ್ಪಿದ್ದು, ಈ ಮೂರರಲ್ಲಿಯೂ ಕರ್ಮಬಂಧವುಂಟು. ನೈರೇರೆ ಯಾವ ಗುಡಿಸಲಿಗೂ ಬೆಂಕಿಯಿಟ್ಟವರಲ್ಲ. ಇಡಿರೆಂದು ಹೇಳಿದವರೂ ಅಲ್ಲ. ಆದರೆ ಗಡುವನ್ನು ಹಾಕಿದವರು ಅವರು. ದೊಡ್ಡವರು ಗಡುವು ಹಾಕಿದಾಗ ಕೆಳಗಿನವರು ಯಾವ ದಾರಿಯನ್ನು ಹಿಡಿಯುತ್ತಾರೆಂಬುದು ಆಡಳಿತ ನಡೆಸಿದ ಯಾರಿಗಾದರೂ ತಿಳಿದ ವಿಷಯ. ಉದ್ದೇಶದ ಶುದ್ಧಿಯು ಕಾರಿತ ಹಿಂಸೆಯ ಹೊಣೆಯಿಂದ ಬಿಡುಗಡೆ ಕೊಡುವುದಿಲ್ಲ.

1976ರಲ್ಲಿ 'ಅಂಗಡಿ ಕಾರ್ಯಾಚರಣೆ' ಬಂದಿತು. ಹಳ್ಳಿಗಳ ಖಾಸಗಿ ದುಕಾನುಗಳನ್ನು ಮುಚ್ಚಿಸಿ, ಅವುಗಳ ಜಾಗದಲ್ಲಿ ಗ್ರಾಮದ ಸಾಮೂಹಿಕ ಅಂಗಡಿಗಳನ್ನು ತೆರೆಯುವ ಯೋಜನೆಯಿದು. ಸರಕು ತರಿಸುವ ಅನುಭವವಾಗಲಿ, ಲೆಕ್ಕ ಬರೆಯುವ ರೂಢಿಯಾಗಲಿ ಇಲ್ಲದ ಕಡೆ ಅಂಗಡಿಗಳು ಬರಿದಾದವು, ಸರ್ಕಾರವೇ ಹಿಂಜರಿಯಬೇಕಾಯಿತು. ರೈತರ ಸಹಕಾರ ಸಂಘಗಳನ್ನೂ ಅದೇ ವರ್ಷ ರದ್ದುಮಾಡಲಾಯಿತು. ಬರಗಾಲ, ಏರಿದ ತೈಲದ ಬೆಲೆ, ಉಗಾಂಡದೊಡನೆ 1978-79ರ ಯುದ್ಧದ ವೆಚ್ಚ ಇವೆಲ್ಲ ಕೂಡಿಕೊಂಡು 1980ರ ದಶಕದ ಆರಂಭಕ್ಕೆ ಸಾಬೂನು, ಸಕ್ಕರೆಗಳಿಗೂ ಜನ ಸಾಲುಗಟ್ಟಿ ನಿಲ್ಲುವ ಸ್ಥಿತಿ ಒದಗಿತು. ಇದರ ಎದುರಿನಲ್ಲಿ ಶಿಕ್ಷಣದ ಸಾಧನೆಯನ್ನೂ ಜಮಾ ಕಡೆಗೆ ಬರೆಯಬೇಕು. ಪ್ರತಿ ಮಗುವಿಗೂ ಪ್ರಾಥಮಿಕ ಶಿಕ್ಷಣವೆಂಬ ನಿರ್ಣಯವು 1974ರಲ್ಲಿ ಮುಸೋಮದಲ್ಲಿಯೇ ಆಯಿತು. ಆಫ್ರಿಕಾದಲ್ಲಿ ಸಾಕ್ಷರತೆ ಅತಿ ಹೆಚ್ಚಾಗಿದ್ದ ದೇಶಗಳಲ್ಲಿ ಟಾಂಜಾನಿಯವೂ ಒಂದಾಯಿತು. ನೂರಕ್ಕೂ ಮೀರಿದ ಬುಡಕಟ್ಟುಗಳು ಒಂದೇ ಭಾಷೆಯ ಸೂತ್ರದಲ್ಲಿ, ಅಂತಃಕಲಹವಿಲ್ಲದೆ ಬಾಳಿದವು.

ಆಲೋಚನೆ ಮತ್ತು ಮರಳುವಿಕೆ

ತಪ್ಪನ್ನು ಗುರುವಿನ ಮುಂದೆ ನಿವೇದಿಸಿಕೊಳ್ಳುವುದನ್ನು ಜೈನಾಚಾರದಲ್ಲಿ 'ಆಲೋಚನೆ' ಎನ್ನುತ್ತಾರೆ. ಅಧಿಕಾರದಲ್ಲಿರುವವರಲ್ಲಿ ಇದು ಅಪರೂಪದ ಗುಣ. ಇನ್ನೂ ರಾಷ್ಟ್ರಾಧ್ಯಕ್ಷರಾಗಿದ್ದಾಗಲೇ, 1984ರ ಸಂದರ್ಶನವೊಂದರಲ್ಲಿ, ಸ್ಥಳೀಯ ಸಂಸ್ಥೆಗಳನ್ನು ತೆಗೆದುಹಾಕಿದ್ದೂ ಸಹಕಾರ ಸಂಘಗಳನ್ನು ರದ್ದುಮಾಡಿದ್ದೂ ತಮ್ಮ ತಪ್ಪುಗಳೆಂದು ನೈರೇರೆ ಒಪ್ಪಿಕೊಂಡರು. ವಿಚಾರಣೆಯಿಲ್ಲದೆ ಬಂಧನದಲ್ಲಿಡುವ 1962ರ ಶಾಸನವನ್ನು ಅವರು ರಾಜಕೀಯ ವಿರೋಧಿಗಳ ಮೇಲೆ ಪ್ರಯೋಗಿಸಿದ ಸಂಗತಿಯೂ ಚರಿತ್ರೆಯಲ್ಲಿ ದಾಖಲಾಗಿದೆ. ಅವರನ್ನು ಮೆಚ್ಚುವವರು ಅದನ್ನು ಮರೆಮಾಚಬಾರದು.

1985ರಲ್ಲಿ, ಯಾರೂ ಇಳಿಸದಿರುವಾಗ, ಅವರು ಪದವಿಯಿಂದ ತಾವಾಗಿಯೇ ಇಳಿದರು. ಅಲಿ ಹಸನ್ ಮ್ವಿನ್ಯಿ ರಾಷ್ಟ್ರಾಧ್ಯಕ್ಷರಾದರು. ಆಜೀವ ಅಧ್ಯಕ್ಷರೆಂದು ಘೋಷಿಸಿಕೊಂಡವರೂ, ಸೇನಾಕ್ರಾಂತಿಗಳಲ್ಲಿ ಪದಚ್ಯುತರಾದವರೂ ತುಂಬಿದ್ದ ಆ ಕಾಲದ ಆಫ್ರಿಕಾದಲ್ಲಿ ಇದು ವಿರಳ ಘಟನೆ. ನೈರೇರೆ ಬುಟಿಯಾಮಕ್ಕೆ ಮರಳಿ ಹೊಲದ ಕೆಲಸಕ್ಕೆ ಕೈಹಾಕಿದರು. ವಿದೇಶದ ಬ್ಯಾಂಕಿನಲ್ಲಿ ಹಣವಿಟ್ಟವರೆಂಬ ಅಪವಾದ ಅವರಿಗೆ ಅಂಟಲಿಲ್ಲ. ಬಡರಾಷ್ಟ್ರಗಳ ಸಮಸ್ಯೆಗಳನ್ನು ಕುರಿತ 'ದಕ್ಷಿಣ ಆಯೋಗ'ಕ್ಕೆ 1987ರಿಂದ 1990ರವರೆಗೆ ಅವರು ಅಧ್ಯಕ್ಷರಾಗಿದ್ದರು. ಅದರ ಮಹಾಕಾರ್ಯದರ್ಶಿಯಾಗಿದ್ದವರು ಮುಂದೆ ಭಾರತದ ಪ್ರಧಾನಿಯಾದ ಡಾ. ಮನಮೋಹನ ಸಿಂಗ್. ಭಾರತ ಸರ್ಕಾರವು ಗಾಂಧಿ ಶಾಂತಿ ಪ್ರಶಸ್ತಿಯನ್ನು ಸ್ಥಾಪಿಸಿ, 1995ರಲ್ಲಿ ಮೊಟ್ಟಮೊದಲನೆಯದಾಗಿ ಅದನ್ನು ನೈರೇರೆಯವರಿಗೆ ಕೊಟ್ಟಿತು.

ಗಾಂಧೀಜಿಯವರ ಹೆಸರು ಇಲ್ಲಿ ಬಂದುದು ಒಂದು ವಿಚಾರವನ್ನು ನೆನಪಿಸುತ್ತದೆ. ಮುಂಬಯಿಯ ರತ್ನವರ್ತಕರಾಗಿದ್ದ ಶ್ರೀಮದ್ ರಾಜಚಂದ್ರರನ್ನು ಗಾಂಧೀಜಿ 1891ರಲ್ಲಿ ಮೊದಲು ಕಂಡರು; ವ್ಯಾಪಾರದ ನಡುವೆಯೂ ಮಮಕಾರವಿಲ್ಲದೆ ಬಾಳಿದ ಆ ಜೈನ ಶ್ರಾವಕರ ಪ್ರಭಾವವನ್ನು ಕೊನೆಯವರೆಗೂ ಸ್ಮರಿಸಿದರು. ಶ್ರೀಮಂತನು ತನ್ನ ಸಂಪತ್ತಿಗೆ ಒಡೆಯನಾಗಿರದೆ ಧರ್ಮದರ್ಶಿಯಾಗಿರಬೇಕು ಎಂಬ ಗಾಂಧೀಜಿಯವರ ವಿಚಾರ ಪ್ರಸಿದ್ಧವಾದದ್ದು. ನೈರೇರೆ ಮತ್ತು ಗಾಂಧೀಜಿ ತಲುಪಬೇಕೆಂದಿದ್ದ ಊರು ಹೆಚ್ಚುಕಡಿಮೆ ಒಂದೇ. ಒಬ್ಬರು ಮನಃಪರಿವರ್ತನೆಯ ದಾರಿಯಲ್ಲಿ ಕಾಯಲು ಸಿದ್ಧರಿದ್ದರು. ಇನ್ನೊಬ್ಬರಿಗೆ ಕಾಯುವುದು ಆಗಲಿಲ್ಲ.

ಶ್ರಾವಕರಿಗೆ ಉಳಿಯುವ ಪಾಠ

ವ್ರತವನ್ನು ಸ್ವೀಕರಿಸುವವನ ಒಪ್ಪಿಗೆಯೇ ವ್ರತದ ಪ್ರಾಣ. ಅದಿಲ್ಲದ ಕಡೆ ಅಪರಿಗ್ರಹವೆಂಬುದು ಸುಲಿಗೆಯ ಇನ್ನೊಂದು ಹೆಸರಾಗಬಹುದು. ಸಂಪತ್ತನ್ನು ಕಿತ್ತುಕೊಂಡಾಗ ವಸ್ತು ಹೋಗುತ್ತದೆ, ಮಮಕಾರ ಉಳಿಯುತ್ತದೆ. ಕಳೆದುಕೊಂಡವನಲ್ಲಿ ಕ್ರೋಧವೂ, ಪಡೆದವನಲ್ಲಿ ಲೋಭವೂ ಹೊಸದಾಗಿ ಸೇರುತ್ತವೆ. ಟಾಂಜಾನಿಯದಲ್ಲಿ 1991ರಲ್ಲಿ ಆಡಳಿತ ಪಕ್ಷವು ನಾಯಕರ ನಿಯಮಾವಳಿಯನ್ನು ಸಡಿಲಿಸಿತು. ಹೊರಗಿನಿಂದ ಕಟ್ಟಿದ ಬೇಲಿ ಬಿದ್ದೊಡನೆ ಒಳಗಿನ ಆಸೆ ಹೊರಬಿದ್ದಿತು.

ಈ ಪಾಠವನ್ನು ಆಳುವವರಿಗೆ ಮಾತ್ರ ಹೇಳಿ ಕೈತೊಳೆದುಕೊಂಡರೆ ಅರ್ಧ ಸತ್ಯವನ್ನಷ್ಟೇ ಹೇಳಿದಂತಾಗುತ್ತದೆ. ತಾನಾಗಿ ಮಿತಿ ಹಾಕಿಕೊಳ್ಳದ ಸಿರಿವಂತಿಕೆಯು ಇತರರು ಬಂದು ಮಿತಿ ಹಾಕುವುದಕ್ಕೆ ತಾನೇ ಕಾರಣ ಒದಗಿಸುತ್ತದೆ. ಶ್ರಾವಕನೊಬ್ಬನು ವರ್ಷದ ಲೆಕ್ಕವನ್ನು ಮುಗಿಸುವಾಗ ಲಾಭನಷ್ಟಗಳ ಕೆಳಗೆ ಇನ್ನೊಂದು ಸಾಲನ್ನು ಬರೆದುಕೊಳ್ಳಬೇಕು: ಹಾಕಿಕೊಂಡ ಪರಿಮಾಣವೆಷ್ಟು, ಮೀರಿದ್ದೆಷ್ಟು, ಮೀರಿದ್ದು ಎಲ್ಲಿಗೆ ಹೋಯಿತು. ಬಸದಿಗಳ ಟ್ರಸ್ಟುಗಳಿಗೂ ಇದೇ ಪ್ರಶ್ನೆ ಅನ್ವಯಿಸುತ್ತದೆ. ದೇವರ ಹೆಸರಿನ ಜಮೀನು, ಬಾಡಿಗೆ ಮಳಿಗೆ, ಠೇವಣಿಗಳು ಧರ್ಮದರ್ಶಿಗಳ ಸ್ವತ್ತಲ್ಲ. ನಿರ್ಮಾಲ್ಯ ದ್ರವ್ಯವನ್ನು ಮುಟ್ಟಬಾರದೆಂದು ಹಿರಿಯರು ಕಟ್ಟುನಿಟ್ಟು ಮಾಡಿದ್ದು ಈ ಮಮಕಾರಕ್ಕೆ ಅಂಜಿಯೇ. ಲೆಕ್ಕವು ಸಮಾಜದ ಎದುರು ತೆರೆದಿರಬೇಕು. ಅಧಿಕಾರದ ಅವಧಿ ಮುಗಿದಾಗ ಕುರ್ಚಿಯನ್ನು ಬಿಟ್ಟೇಳುವ ಮನಸ್ಸಿರಬೇಕು. ವಿದ್ಯಾರ್ಥಿವೇತನ, ಔಷಧಾಲಯ, ಅನ್ನದಾನಗಳು ಜಾತಿಮತ ನೋಡದೆ ಸುತ್ತಲಿನವರನ್ನು ತಲುಪಬೇಕು.

ಬುಟಿಯಾಮದ ಮ್ವಿಟೊಂಗೊ ಎಂಬ ಮನೆತನದ ಜಾಗದಲ್ಲಿ ಇಂದು ನೈರೇರೆಯವರ ಸಮಾಧಿಯಿದೆ. ಗ್ರಾಮದಲ್ಲಿ ಅವರ ಹೆಸರಿನ ವಸ್ತುಸಂಗ್ರಹಾಲಯವೂ ಇದೆ. ಮುಸೋಮದ ಕ್ಯಾಥೋಲಿಕ್ ಧರ್ಮಪ್ರಾಂತ್ಯವು 2005ರಲ್ಲಿ ಅವರನ್ನು ಪುಣ್ಯಪುರುಷರ ಸಾಲಿಗೆ ಸೇರಿಸುವ ಪ್ರಕ್ರಿಯೆಯನ್ನು ಆರಂಭಿಸಿತು. ಅವರು ಸಂತರೋ ಅಲ್ಲವೋ ಎಂಬುದನ್ನು ಅವರ ಧರ್ಮದವರು ನಿರ್ಣಯಿಸಲಿ. ತನಗಾಗಿ ಇಷ್ಟು ಸಾಕೆಂದು ಹೇಳಬಲ್ಲವರಾಗಿದ್ದರು, ತಪ್ಪನ್ನು ತಪ್ಪೆಂದು ಒಪ್ಪಬಲ್ಲವರಾಗಿದ್ದರು, ಬಿಡಬೇಕಾದಾಗ ಬಿಟ್ಟು ಊರಿಗೆ ಮರಳಬಲ್ಲವರಾಗಿದ್ದರು. ಈ ಮೂರನ್ನು ಅವರಿಂದ ಕಲಿಯಬಹುದು. ಇತರರ ಪರವಾಗಿ ವ್ರತ ತೊಡಬಾರದೆಂಬ ನಾಲ್ಕನೆಯ ಪಾಠವನ್ನು, ಗುಡಿಸಲು ಕಳೆದುಕೊಂಡ ಆ ಹಳ್ಳಿಗರಿಂದಲೂ ಬಾಗಿಲು ಮುಚ್ಚಿದ ಆ ದುಕಾನುಗಳಿಂದಲೂ ಕಲಿಯಬೇಕು.